ಬೈಂಡ್ ಹಾಕಿದ ಹತ್ತೊಂಬತ್ತು ಪುಸ್ತಕಗಳು

ಕಳೆದ ವಾರ ಒಂದು ಡೈರಿ ಕೊಳ್ಳಲು ಅವೆನ್ಯೂ ರಸ್ತೆಗೆ ಹೋಗಿದ್ದೆ. ಶಾಲೆಗಳು ಶುರುವಾಗುವ ಕಾಲ. ಅಂಗಡಿಗಳ ಮುಂದೆ ಕಂದು ಹಾಳೆಯ ಸುರುಳಿಗಳನ್ನು ಸೌದೆಯ ಹಾಗೆ ಪೇರಿಸಿದ್ದರು. ಮಳೆ ಆಗಷ್ಟೇ ನಿಂತಿತ್ತು. ಒದ್ದೆ ಗೋಣಿ, ಹೊಸ ಕಾಗದ, ಅಂಟು, ಮೂರರ ವಾಸನೆಯೂ ಬೆರೆತು ಮೂಗಿಗೆ ಬಂತು. ಅಂಗಡಿಯವನು, "ಬೈಂಡ್ ಶೀಟ್ ಕೊಡ್ಲಾ ಸಾರ್? ಮೊಮ್ಮಕ್ಕಳಿಗೆ?" ಎಂದ. ನಾನು ಡೈರಿಯನ್ನೂ ಕೊಳ್ಳದೆ ಮನೆಗೆ ಬಂದುಬಿಟ್ಟೆ. ಹೊರಟ ಕೆಲಸ ಮುಗಿಸದೆ ವಾಪಸಾಗುವ ಅಭ್ಯಾಸ ನನಗಿಲ್ಲ. ಅದಕ್ಕೇ ಕಾರಣವನ್ನು ಬರೆದಿಡುತ್ತಿದ್ದೇನೆ.

ಇದು ಮೂರು ವರ್ಷದ ಹಿಂದಿನ ಮಳೆಗಾಲದ ಮಾತು.

ನಾನು ಅಗ್ನಿಶಾಮಕ ಠಾಣೆಗಳಲ್ಲಿ ಮೂವತ್ತಾರು ವರ್ಷ ಕೆಲಸ ಮಾಡಿ ನಿವೃತ್ತನಾದವನು. ಬೆಳಿಗ್ಗೆ ಆರಕ್ಕೆ ಹಾಜರಿ, ಆರೂವರೆಗೆ ಡ್ರಿಲ್, ಆಮೇಲೆ ಪೈಪು ಏಣಿಗಳ ತಪಾಸಣೆ. ಗಂಟೆ ಹೊಡೆದರೆ ಯೋಚಿಸಲು ಸಮಯವಿಲ್ಲ. ಕೈಕಾಲು ತಾವಾಗಿಯೇ ತಮ್ಮ ಕೆಲಸ ಮಾಡಬೇಕು. ನಮಗೆ ಹಾಗೆ ಕಲಿಸಿದ್ದರು, ನಾನೂ ನನ್ನ ಕೈಕೆಳಗಿನವರಿಗೆ ಹಾಗೇ ಕಲಿಸಿದೆ. ನಿವೃತ್ತಿಯ ಮೇಲೂ ಚಾಮರಾಜಪೇಟೆಯ ನಮ್ಮ ಮನೆಯ ಬಾಗಿಲಲ್ಲಿ ನನ್ನ ಚಪ್ಪಲಿಗಳು ರಸ್ತೆಯ ಕಡೆಗೆ ಮುಖ ಮಾಡಿಯೇ ಇರುತ್ತಿದ್ದವು. ಹೆಂಡತಿ ಸರೋಜ ಅದನ್ನು ನೋಡಿ ನಗುತ್ತಿದ್ದಳು. "ಎಲ್ಲಿಗ್ರೀ ಓಡೋದು? ಬೆಂಕಿ ಬಿದ್ರೆ ಮೊದ್ಲು ನನ್ನ ಆಚೆ ತರ್ತೀರೋ, ಚಪ್ಪಲಿನೋ?"

ಸರೋಜ ಸರ್ಕಾರಿ ಶಾಲೆಯಲ್ಲಿ ಮೂವತ್ತು ವರ್ಷ ಒಂದನೇ ತರಗತಿಯ ಟೀಚರಾಗಿದ್ದಳು. ಬಡ್ತಿ ಬಂದಾಗ ಬೇಡವೆಂದು ಬರೆದುಕೊಟ್ಟವಳು. "ಜೂನ್‌ನಲ್ಲಿ ಬರುವಾಗ ಅವಕ್ಕೆ ಒಂದಕ್ಷರ ಗೊತ್ತಿರಲ್ಲ. ಮಾರ್ಚ್‌ಗೆ ಬಸ್ಸಿನ ಬೋರ್ಡ್ ಓದ್ತವೆ. ಅದನ್ನ ನೋಡೋದು ಬಿಟ್ಟು ಹೆಡ್‌ಮಿಸ್ಟ್ರೆಸ್ ಆಗಿ ಫೈಲ್ ನೋಡ್ಲಾ?" ಎನ್ನುತ್ತಿದ್ದಳು.

ಮೇ ತಿಂಗಳ ಕೊನೆಯ ಸೋಮವಾರ ಬೆಳಿಗ್ಗೆ ಅವಳು ಕಾಫಿ ಬೆರೆಸುತ್ತಿದ್ದಳು. ಲೋಟ ಕೈಯಿಂದ ಜಾರಿ ಬಿತ್ತು. ಅವಳ ಕೈಯಿಂದ ಏನೂ ಬೀಳುತ್ತಿರಲಿಲ್ಲ, ಆದ್ದರಿಂದ ನಾನು ಎದ್ದು ಹೋದೆ. ಬಾಯಿ ಒಂದು ಕಡೆಗೆ ಎಳೆದಿತ್ತು.

"ಏನಾಯ್ತೇ?"

"ಬೇಡ," ಎಂದಳು.

"ಏನ್ ಬೇಡ?"

"ಬೇಡ. ಬೇಡ."

ಗಂಟೆ ಹೊಡೆದಾಗ ಮಾಡಬೇಕಾದ್ದನ್ನೆಲ್ಲ ಮಾಡಿದೆ. ಪಕ್ಕಕ್ಕೆ ಮಲಗಿಸಿದೆ, ಆಂಬುಲೆನ್ಸಿಗೆ ಹೇಳಿದೆ, ಮಗಳು ಅನಿತಾಳನ್ನು ಎಬ್ಬಿಸಿದೆ, ಲೋಟ ಬಿದ್ದ ಹೊತ್ತನ್ನು ಚೀಟಿಯಲ್ಲಿ ಬರೆದು ಡಾಕ್ಟರ ಕೈಗೆ ಕೊಟ್ಟೆ. ಅವರು ಆ ಚೀಟಿ ನೋಡಿ ಮೆಚ್ಚಿದರು. ಜೀವ ಉಳಿಯಿತು. ಬಲಗೈ ಮತ್ತು ಮಾತು ಉಳಿಯಲಿಲ್ಲ.

ಮಿದುಳಿನ ಎಡಭಾಗಕ್ಕೆ ರಕ್ತ ಹೋಗುವುದು ನಿಂತಿತ್ತು ಎಂದರು. ನಾವು ಹೇಳುವುದು ಅವಳಿಗೆ ಬಹುಪಾಲು ಅರ್ಥವಾಗುತ್ತದೆ, ಅವಳು ಹೇಳಬೇಕಾದ್ದು ನಾಲಿಗೆಗೆ ಬರುವುದಿಲ್ಲ, ಓದು ಬರಹವೂ ಹಾಗೇ ಎಂದರು. ಇಡೀ ಕನ್ನಡದಲ್ಲಿ ಅವಳ ಪಾಲಿಗೆ ಉಳಿದದ್ದು ಒಂದೇ ಪದ. ನೀರು ಬೇಕಾದರೂ "ಬೇಡ". ಬೆನ್ನು ನೋಯುತ್ತಿದ್ದರೂ "ಬೇಡ". ಅನಿತಾ ಆಫೀಸಿನಿಂದ ಬಂದರೆ ಎಡಗೈ ಚಾಚಿ, ಕಣ್ಣು ತುಂಬಿಕೊಂಡು, "ಬೇಡ, ಬೇಡ". ಆಸ್ಪತ್ರೆಯಿಂದ ಮನೆಗೆ ಬಂದ ಮರುದಿನ ದಿನಪತ್ರಿಕೆ ಕೈಗೆ ಕೊಟ್ಟೆ. ತಲೆಕೆಳಗಾಗಿ ಹಿಡಿದಳು. ತಿರುಗಿಸಿಕೊಟ್ಟೆ. ಸ್ವಲ್ಪ ಹೊತ್ತು ನೋಡಿದಳು. ಆಮೇಲೆ ಮಡಿಸಿ, ತೊಡೆಯ ಪಕ್ಕ ಇಟ್ಟು, ಅದರ ಮೇಲೆ ಕೈ ಇಟ್ಟುಕೊಂಡು ಕೂತಳು.

ಮಾತು ಕಲಿಸುವ ಹುಡುಗಿಯೊಬ್ಬಳು ವಾರಕ್ಕೊಮ್ಮೆ ಬರುತ್ತಿದ್ದಳು. ನಾವು ಸ್ಪೀಚ್ ಮೇಡಂ ಎನ್ನುತ್ತಿದ್ದೆವು. ಮೊದಲ ದಿನವೇ ನನ್ನನ್ನು ಹೊರಗೆ ಕರೆದು ಹೇಳಿದಳು: "ಅಂಕಲ್, ಮೊದಲ ಆರು ತಿಂಗಳು ತುಂಬಾ ಮುಖ್ಯ. ಬರೋದು ಜಾಸ್ತಿ ಆಗ್ಲೇ ಬರೋದು. ಆಮೇಲೆ ಬರೋದೇ ಇಲ್ಲ ಅಂತಲ್ಲ, ನಿಧಾನ ಆಗುತ್ತೆ. ದಿನಾ ಚಿತ್ರ ತೋರಿಸಿ ಮಾತಾಡಿಸಿ. ಪುಟಕ್ಕೊಂದು ದೊಡ್ಡ ಚಿತ್ರ ಇರೋ ಪುಸ್ತಕ ಬೇಕು. ಪುಟ್ಟ ಮಕ್ಕಳದ್ದೇ ಆಗಬಹುದು. ಆಂಟಿಗೆ ಇಷ್ಟ ಆಗೋ ಥರ ನೋಡಿ ಆರಿಸಿ."

ಇಷ್ಟರಲ್ಲಿ ನನ್ನ ಕಿವಿಗೆ ಬಿದ್ದದ್ದು ಆರು ತಿಂಗಳು ಎಂಬುದೊಂದೇ. ಆರು ತಿಂಗಳೆಂದರೆ ಇಪ್ಪತ್ತಾರು ವಾರ. ಅವುಗಳಲ್ಲಿ ನಾಲ್ಕು ಆಗಲೇ ಕಳೆದಿದ್ದವು. ಒಂದು ಡ್ರಾಯಿಂಗ್ ಹಾಳೆಯಲ್ಲಿ ಗೆರೆ ಹೊಡೆದು ಬೀರುವಿನ ಬಾಗಿಲಿಗೆ ಅಂಟಿಸಿದೆ. ಬೆಳಿಗ್ಗೆ ಏಳು, ಹನ್ನೊಂದು, ಸಂಜೆ ನಾಲ್ಕೂವರೆ. ದಿನಕ್ಕೆ ಮೂರು ಪಾಠ. ಸರಿ ಹೇಳಿದರೆ ಟಿಕ್, ತಪ್ಪಾದರೆ ಇಂಟು.

ಮಾಮೂಲ್‌ಪೇಟೆಯಿಂದ ಅವೆನ್ಯೂ ರಸ್ತೆಗೆ ಸೇರುವ ಒಂದು ಸಂದಿಯಲ್ಲಿ ಗಿರಿಜಮ್ಮನ ಅಂಗಡಿ. ಆಕೆಯ ಮಾವನ ಕಾಲದಲ್ಲಿ ಅದು ಸ್ಲೇಟು ಬಳಪದ ಅಂಗಡಿ. ಈಗ ಮುಂದೆ ಬೈಂಡ್ ಶೀಟ್, ಲೇಬಲ್, ನೋಟ್‌ಬುಕ್. ಹಿಂದಿನ ಕಪಾಟುಗಳ ತುಂಬ ಮಕ್ಕಳ ಪುಸ್ತಕ. ಅರವತ್ತು ದಾಟಿದ ಹೆಂಗಸು, ಹಣೆಯ ತುಂಬ ವಿಭೂತಿ, ಮಾತು ಚುರುಕು.

"ಪುಟ್ಟ ಮಕ್ಕಳ ಚಿತ್ರದ ಪುಸ್ತಕ ಬೇಕಿತ್ತು," ಎಂದೆ.

"ಎಷ್ಟ್ ವಯಸ್ಸು ಸಾರ್ ಪಾಪುಗೆ?"

ಅರವತ್ತಾರು ಎಂದು ಹೇಳಬೇಕಿತ್ತು. ಹಿಂದೆ ಯಾರೋ ತಾಯಿ ಮಗು ನಿಂತಿದ್ದರು. "ಎರಡು ವರ್ಷ," ಎಂದುಬಿಟ್ಟೆ.

"ಹೆಣ್ಣಾ, ಗಂಡಾ?"

"ಹೆಣ್ಣು." ಅದೊಂದಾದರೂ ಸುಳ್ಳಲ್ಲ ಎಂದುಕೊಂಡೆ.

"ಮಾತಾಡ್ತಾಳಾ?"

"ಇನ್ನೂ ಇಲ್ಲ."

ಗಿರಿಜಮ್ಮ ನನ್ನನ್ನು ಸ್ಟೂಲಿನ ಮೇಲೆ ಕೂರಿಸಿ ಪುಸ್ತಕ ಆರಿಸುವ ಕ್ರಮವನ್ನೇ ಹೇಳಿಕೊಟ್ಟರು. ಬಾಯಿಗಿಟ್ಟುಕೊಳ್ಳುವ ಕೂಸಿಗೆ ದಪ್ಪ ರಟ್ಟಿನದು. ಪುಟಕ್ಕೆ ಒಂದೇ ಚಿತ್ರ, ಹಿಂದೆ ಖಾಲಿ ಜಾಗ. ಮಗು ದಿನಾ ಕಾಣುವ ವಸ್ತು: ಚೊಂಬು, ಕಾಗೆ, ಪೊರಕೆ, ಆಟೋ. ಕತೆಯಾದರೆ ಒಂದೇ ಸಾಲು ಮತ್ತೆ ಮತ್ತೆ ಬರಬೇಕು, ಮುಂದೇನು ಬರುತ್ತದೆಂದು ಮಗುವಿಗೆ ಮೊದಲೇ ಗೊತ್ತಾಗಬೇಕು. "ನೀವು ಓದಿ ಬೇಜಾರಾಗೋ ಪುಸ್ತಕ ತಗೋಬೇಡಿ ಸಾರ್. ಪಾಪು ಒಂದ್ ಸಲ ಹಿಡ್ಕೊಂಡ್ರೆ ನಲವತ್ ಸಲ ಓದಿಸ್ತಾಳೆ."

ನಾನು ಎಲ್ಲ ಕೇಳಿಸಿಕೊಂಡು, ಅದಕ್ಕೆ ತದ್ವಿರುದ್ಧವಾದುದನ್ನು ಆರಿಸಿದೆ. ಒಂದೊಂದು ಪುಟದಲ್ಲಿ ಮೂವತ್ತು ನಲವತ್ತು ಚಿತ್ರಗಳಿದ್ದ ದೊಡ್ಡ ಪುಸ್ತಕಗಳು. ಇಪ್ಪತ್ತೆರಡು ವಾರ ಉಳಿದಿವೆ, ಪುಟಕ್ಕೊಂದು ಚಿತ್ರ ಎಂದು ಕೂತರೆ ಯಾವಾಗ ಮುಗಿಯುವುದು?

"ಇದು ಸಂತೆ ಸಾರ್," ಎಂದರು ಗಿರಿಜಮ್ಮ. "ಪಾಪು ಕಳೆದುಹೋಗ್ತಾಳೆ."

"ನಮ್ಮ ಪಾಪು ಚುರುಕು," ಎಂದೆ. ಜೊತೆಗೆ ಹತ್ತು ಬೈಂಡ್ ಶೀಟ್ ಮತ್ತು ಲೇಬಲ್ ತೆಗೆದುಕೊಂಡೆ.

ಬೈಂಡಿನ ವಿಷಯ ಹೇಳಬೇಕು. ನಮ್ಮಪ್ಪ ಮಿಲ್ಲಿನಲ್ಲಿ ಕೂಲಿಯಾಗಿದ್ದರು, ಓದಲು ಬರುತ್ತಿರಲಿಲ್ಲ. ಪ್ರತಿ ಜೂನ್‌ನಲ್ಲೂ ಕಂದು ಹಾಳೆ ತಂದು, ಬುದ್ಧನ ಪಟದ ಕೆಳಗೆ ನೆಲದ ಮೇಲೆ ಕೂತು, ನನ್ನ ಪುಸ್ತಕಗಳಿಗೆಲ್ಲ ತಾವೇ ಬೈಂಡ್ ಹಾಕುತ್ತಿದ್ದರು. ಒಳಗಿರುವುದನ್ನು ಓದಲಾಗದವರಿಗೆ ಅದನ್ನು ಕಾಪಾಡುವುದೊಂದೇ ಸಾಧ್ಯವಿದ್ದ ಕೆಲಸ. ನಮ್ಮ ಮನೆಯಲ್ಲಿ ಬೈಂಡ್ ಇಲ್ಲದ ಪುಸ್ತಕವೆಂದರೆ ಅಂಗಿಯಿಲ್ಲದ ಮಗು. ಹರಿದರಂತೂ ಏಟೇ.

ಆದರೆ ಆ ಸಲ ನಾನು ಬೈಂಡ್ ಹಾಕಿದ್ದಕ್ಕೆ ಇನ್ನೊಂದು ಕಾರಣವಿತ್ತು. ಸರೋಜಳ ಜೊತೆ ಕೆಲಸ ಮಾಡಿದ ಟೀಚರುಗಳು ಹಣ್ಣು ಹಿಡಿದು ನೋಡಲು ಬರುತ್ತಿದ್ದರು. ಬಾತುಕೋಳಿ ಟೋಪಿ ಹಾಕಿಕೊಂಡಿರುವ ಪುಸ್ತಕ ಅವಳ ಕೈಯಲ್ಲಿರುವುದನ್ನು ಅವರು ನೋಡಬಾರದು. ನಾಚಿಕೆ ಅವಳದೆಂದು ಆಗ ನಂಬಿದ್ದೆ. ಕಂದು ಹೊದಿಕೆ, ಮೇಲೆ ಬಿಳಿ ಲೇಬಲ್: ಪುಸ್ತಕ ೧, ಪುಸ್ತಕ ೨. ಟೀಚರುಗಳು ನೋಡಿ, "ಓಹೋ, ಸರೋಜಾ ಮೇಡಂ ಆಗ್ಲೇ ಓದೋಕ್ ಶುರು ಮಾಡಿಬಿಟ್ರಾ!" ಎಂದು ಸಂತೋಷಪಟ್ಟರು. ನಾನು ಅವರಿಗೆ ಕುರ್ಚಿ ಎಳೆದುಕೊಟ್ಟೆ. ಸರೋಜ ಗೋಡೆಯ ಕಡೆ ನೋಡುತ್ತಿದ್ದಳು.

ಪಾಠ ಶುರುವಾಯಿತು. ಆಷಾಢದ ಗಾಳಿ ಕಿಟಕಿ ಬಡಿಯುತ್ತಿತ್ತು. ನಾನು ಕಿಟಕಿಗೆ ಕಾಗದ ಸಿಕ್ಕಿಸಿ ಸದ್ದು ನಿಲ್ಲಿಸಿ ಕೂರುತ್ತಿದ್ದೆ.

"ಇದೇನು?"

"ಬೇಡ."

"ಕಾಗೆ. ಕಾ-ಗೆ. ಹೇಳು."

"ಬೇಡ."

ಇಂಟು. ಮುಂದಿನ ಚಿತ್ರ. ಅವಳ ಕಣ್ಣು ನಲವತ್ತು ಚಿತ್ರಗಳ ಮೇಲೆ ಅಲೆದು ಅಲೆದು ಸೋತು ನನ್ನ ಮುಖಕ್ಕೆ ಬಂದು ನಿಲ್ಲುತ್ತಿತ್ತು. ನಾನು ಬೆರಳಿಟ್ಟು ತಟ್ಟುತ್ತಿದ್ದೆ. ನನಗೇ ತಿಳಿಯದಂತೆ ಗಂಟಲು ಡ್ರಿಲ್ ಮೈದಾನದ ಗಂಟಲಾಗುತ್ತಿತ್ತು. ಅಡುಗೆಮನೆಯಿಂದ ಅನಿತಾ, "ಅಪ್ಪಾ, ಬೀದಿಯವ್ರೆಲ್ಲ ಅಟೆನ್ಷನ್‌ನಲ್ಲಿ ನಿಂತಿದ್ದಾರೆ. ಸ್ವಲ್ಪ ಮೆತ್ತಗೆ," ಎನ್ನುತ್ತಿದ್ದಳು. ಅವಳು ನಗಿಸಲು ಹೇಳಿದ್ದು. ನಮಗೆ ಯಾರಿಗೂ ನಗು ಬರುತ್ತಿರಲಿಲ್ಲ.

ಎಂಟನೆಯ ವಾರದ ಒಂದು ಬೆಳಿಗ್ಗೆ ಮಾಡಿದ್ದನ್ನೂ ಬರೆಯುತ್ತೇನೆ. ಅವಳಿಗೆ ಕಾಫಿ ಎಂದರೆ ಪ್ರಾಣ. ಲೋಟವನ್ನು ಅವಳ ಕೈಗೆಟುಕದಷ್ಟು ದೂರ ಹಿಡಿದು, "ಕಾಫಿ ಅನ್ನು, ಕೊಡ್ತೀನಿ," ಎಂದೆ. ಅವಳು ಲೋಟ ನೋಡಿದಳು. ತುಟಿ ಅಲುಗಾಡಿತು. ಕತ್ತಿನ ನರ ಉಬ್ಬಿತು. ನಾನು ಕಾದೆ. ಕಾಫಿಯ ಮೇಲೆ ಕೆನೆ ಕಟ್ಟಿತು. ಕೊನೆಗೆ ಬಂದದ್ದು "ಬೇಡ". ಬೇಡ ಅಂದಮೇಲೆ ಬೇಡ ಎಂದು ಒಯ್ದು ಸಿಂಕಿಗೆ ಸುರಿದೆ. ವಾಪಸು ಬಂದಾಗ ಅವಳು ಎಡಗೈಯಿಂದ ಬಲಗೈಯನ್ನು ಎತ್ತಿ ಮಡಿಲಲ್ಲಿಟ್ಟುಕೊಂಡು ಕೂತಿದ್ದಳು. ಬೆಂಕಿಯಿಂದ ಎಷ್ಟೋ ಜನರನ್ನು ಹೊತ್ತು ತಂದಿದ್ದೇನೆ. ಆ ದಿನ ಬೆಳಿಗ್ಗೆ ನನ್ನ ಕೈಯಲ್ಲಿದ್ದದ್ದು ಒಂದು ಲೋಟ; ಅದನ್ನು ಕೊಡಲಾಗಲಿಲ್ಲ.

ವಾರಕ್ಕೊಮ್ಮೆ ಗಿರಿಜಮ್ಮನ ಅಂಗಡಿಗೆ ನಡೆದು ಹೋಗುತ್ತಿದ್ದೆ. ಒಂದು ಪುಸ್ತಕ ಕೆಲಸ ಮಾಡದಿದ್ದರೆ ಇನ್ನೊಂದು ಮಾಡೀತು ಎಂಬ ಹಟ. ನನ್ನ ಎರಡು ವರ್ಷದ ಮೊಮ್ಮಗಳು ಅಲ್ಲಿ ದಿನೇದಿನೇ ಬೆಳೆಯುತ್ತಿದ್ದಳು.

"ಏನಂತಾಳೆ ನಿಮ್ ಪಾಪು?"

"ಒಂದೇ ಪದ ಹೇಳ್ತಾಳೆ. ಎಲ್ಲಾದಕ್ಕೂ ಬೇಡ ಅಂತಾಳೆ."

ಗಿರಿಜಮ್ಮ ನಕ್ಕರು. "ಸರಿಯಾಗೇ ಇದಾಳೆ ಬಿಡಿ. ನನ್ ಮೊಮ್ಮಗ ಮೂರು ವರ್ಷ ಬಾಯಿ ಬಿಡ್ಲಿಲ್ಲ. ಈಗ ಮುಚ್ಚೋ ಮಾರಾಯ ಅಂದ್ರೂ ಮುಚ್ಚಲ್ಲ. ಗದರಿಸ್ತೀರಾ ಹೆಂಗೆ?"

ನಾನು ಕೈಗೆ ಸಿಕ್ಕ ಪುಸ್ತಕವೊಂದರ ಪುಟ ತಿರುವತೊಡಗಿದೆ.

"ಗದರಿಸ್ಬೇಡಿ ಸಾರ್. ಓದಿ, ನಿಲ್ಲಿಸಿ, ಮನಸ್ಸಲ್ಲೇ ಹತ್ತು ಎಣಿಸಿ. ದೊಡ್ಡವ್ರಿಗೆ ಹತ್ತು ಎಣಿಸೋಷ್ಟು ತಾಳ್ಮೆ ಇರಲ್ಲ. ಎರಡಕ್ಕೇ ಬಾಯಿ ಹಾಕ್ತಾರೆ." ಆಮೇಲೆ ಕಪಾಟಿನಿಂದ ಒಂದು ತೆಳ್ಳಗಿನ ಪುಸ್ತಕ ತೆಗೆದು ನನ್ನ ಚೀಲಕ್ಕೆ ತುರುಕಿದರು. "ಬೇಡ ಅನ್ನೋಳಿಗೆ ಇದು. ನನ್ನ ಮಾತಿಗೆ ತಗೊಂಡ್ ಹೋಗಿ."

ಅದು ಒಂಬತ್ತನೆಯ ಪುಸ್ತಕ. ಮನೆಗೆ ಹೋಗಿ ಬೈಂಡ್ ಹಾಕಿ ಲೇಬಲ್ ಅಂಟಿಸುವ ಮುಂಚೆ ಒಂದು ಸಲ ತಿರುವಿದೆ. ಹಳದಿ ಬೆಕ್ಕೊಂದು ಮಲಗಲು ಜಾಗ ಹುಡುಕುತ್ತದೆ. ಅಕ್ಕಿ ಡಬ್ಬದಲ್ಲಿ ಮಲಗಲಾ? ಅಜ್ಜನ ಟೋಪಿಯಲ್ಲಿ ಮಲಗಲಾ? ಎಂದು ಪುಟಪುಟಕ್ಕೂ ಕೇಳುತ್ತದೆ, ಅಷ್ಟೆ. ಕಲಿಯುವಂಥ ಹೆಸರುಗಳೇ ಇಲ್ಲ. ಆದರೂ ತಂದದ್ದಕ್ಕೆ ಒಂದು ಪಾಠ ಮಾಡಿದೆ. ನಾನು ಪ್ರಶ್ನೆಯ ಸಾಲನ್ನಷ್ಟೇ ಓದುವುದು, ನಿಲ್ಲುವುದು. ಅವಳು ಬೇಡ ಎನ್ನುವುದು. ನಾನು ಇಂಟು ಹಾಕುವುದು. ಕೊನೆಯ ಪುಟ ಬಿಟ್ಟು ಹನ್ನೆರಡು ಪ್ರಶ್ನೆ, ಹನ್ನೆರಡು ಇಂಟು. ನಡುವೆ ಅವಳ ಬಾಯಿಯ ಒಂದು ಮೂಲೆ ಮೇಲೆ ಹೋಯಿತು. ಜೊಲ್ಲು ಇಳಿಯುತ್ತಿದೆಯೆಂದು ಟವೆಲಿನಿಂದ ಒರೆಸಿದೆ. ಪುಸ್ತಕವನ್ನು ಉಳಿದ ಕಂದು ಪುಸ್ತಕಗಳ ಕೆಳಗೆ ಇಟ್ಟೆ.

ಆಮೇಲಿನ ವಾರಗಳಲ್ಲಿ ಅವಳು ಎಡಗೈ ಚಾಚಿ ಪುಸ್ತಕಗಳ ರಾಶಿಯನ್ನು ತೋರಿಸಿ "ಬೇಡ, ಬೇಡ" ಎನ್ನುವುದು ಶುರುವಾಯಿತು. ಒಂದನ್ನು ಕೊಡುತ್ತಿದ್ದೆ. ತಿರುಗಿಸಿ ನೋಡಿ ತಳ್ಳುತ್ತಿದ್ದಳು. ಇನ್ನೊಂದು. ಅದನ್ನೂ ತಳ್ಳುತ್ತಿದ್ದಳು. ಹಾಳೆಯಲ್ಲಿ "ಸಹಕಾರ ಇಲ್ಲ" ಎಂದು ಬರೆದೆ. ಶ್ರಾವಣದ ಜಿಟಿಜಿಟಿ ಮಳೆ ಹಿಡಿದುಕೊಂಡಿತ್ತು. ಬಟ್ಟೆ ಒಣಗುತ್ತಿರಲಿಲ್ಲ. ಹದಿನಾಲ್ಕನೆಯ ವಾರ ಮುಗಿಯಿತು, ಹದಿನೈದು ಮುಗಿಯಿತು. ಟಿಕ್ ಇದ್ದದ್ದು ಒಂದೂ ಇಲ್ಲ. ಸ್ಪೀಚ್ ಮೇಡಂ ನನ್ನ ಹಾಳೆಯ ಇಂಟುಗಳ ಮೇಲೆ ಬೆರಳಾಡಿಸಿ, ಚೀಲ ಎತ್ತಿಕೊಂಡಳು. ಅವಳು ಹೋದಮೇಲೆ ಬಚ್ಚಲುಮನೆಗೆ ಹೋಗಿ ನಲ್ಲಿ ಬಿಟ್ಟು, ಬಕೆಟ್ ತುಂಬಿ ಹರಿಯುವವರೆಗೆ ಅಲ್ಲಿಯೇ ನಿಂತಿದ್ದೆ.

ಹದಿನಾರನೆಯ ವಾರ, ಗಣಪತಿ ಬಿಡುವ ತಮಟೆ ಬೀದಿಯಲ್ಲಿ ಕೇಳುತ್ತಿದ್ದ ಒಂದು ಮಧ್ಯಾಹ್ನ, ಮಾತ್ರೆ ತರಲು ಹೋಗಿ ಇಪ್ಪತ್ತು ನಿಮಿಷದಲ್ಲಿ ವಾಪಸು ಬಂದೆ. ಸರೋಜ ಮಂಚದಿಂದ ಇಳಿದು ನೆಲದ ಮೇಲೆ ಕೂತಿದ್ದಳು. ಹೇಗೆ ಇಳಿದಳೋ ಗೊತ್ತಿಲ್ಲ. ಸುತ್ತಲೂ ಕಂದು ಕಾಗದದ ಚೂರು. ಒಂದು ಪುಸ್ತಕವನ್ನು ಮೊಣಕಾಲಡಿ ಒತ್ತಿ ಹಿಡಿದು, ಎಡಗೈಯಿಂದ ಬೈಂಡನ್ನು ಪರಪರ ಹರಿಯುತ್ತಿದ್ದಳು. ಹತ್ತೊಂಬತ್ತು ಪುಸ್ತಕಗಳೂ ಅಲ್ಲಿದ್ದವು.

ನನ್ನ ಬಾಯಿಂದ ನಮ್ಮಪ್ಪ ಮಾತಾಡಿದರು. "ಪುಸ್ತಕ ಹರೀತೀಯಾ? ಪುಸ್ತಕ? ಟೀಚರಾಗಿದ್ದೋಳು ನೀನು!"

ಅವಳು ತಲೆ ಎತ್ತಿ, "ಬೇಡ," ಎಂದಳು. ಕೂಗಿ ಹೇಳಿದಳು. "ಬೇಡ! ಬೇಡ!"

ಅವಳು ಸೆರಗಿನೊಳಗೆ ಏನು ಅವುಚಿಕೊಂಡಿದ್ದಾಳೆಂದು ನೋಡದೆ, ಎತ್ತಿ ಮಂಚದ ಮೇಲೆ ಕೂರಿಸಿದೆ. ಸಿಕ್ಕ ಪುಸ್ತಕಗಳನ್ನೆಲ್ಲ ಬಾಚಿ ಬೀರುವಿಗೆ ತಳ್ಳಿ ಬೀಗ ಹಾಕಿದೆ. ಚೂರುಗಳನ್ನು ಗುಡಿಸಿದೆ. ಅಂದು ಸಂಜೆಯ ಪಾಠ ಮಾಡಲಿಲ್ಲ.

ಅಂದಿನಿಂದ ಅವಳು ಊಟ ಬಿಟ್ಟಳು. ತುತ್ತು ಬಾಯಿಗೆ ತಂದರೆ ಗೋಡೆಯ ಕಡೆ ಹೊರಳುವಳು. ಬೇಡ ಎಂಬ ಪದವೂ ನಿಂತಿತು. ಮನೆಯಲ್ಲಿ ಒಂದು ಮಾತಿತ್ತು, ಅದೂ ಹೋಯಿತು. ಎರಡನೆಯ ದಿನ ಡಾಕ್ಟರಿಗೆ ಫೋನ್ ಮಾಡಿದಾಗ ಅವರು, ಹೀಗೇ ಆದರೆ ಮೂಗಿನಿಂದ ನಳಿಗೆ ಹಾಕಬೇಕಾಗುತ್ತದೆ, ಅಡ್ಮಿಟ್ ಮಾಡಿ ಎಂದರು. ಒಂದು ಚೀಲಕ್ಕೆ ಅವಳ ಸೀರೆ, ಟವೆಲು, ಬಾಚಣಿಗೆ ತುಂಬಿ ಬಾಗಿಲ ಬಳಿ ಇಟ್ಟೆ. ನನ್ನ ಚಪ್ಪಲಿ ರಸ್ತೆಯ ಕಡೆಗೆ ಮುಖ ಮಾಡಿತ್ತು. ಈ ಸಲ ಹೊರಟರೆ ಅವಳು ವಾಪಸು ಬರುವುದಿಲ್ಲವೆಂದು ನನಗೆ ಖಚಿತವಾಗಿತ್ತು.

ಮೂರನೆಯ ದಿನ ಬೆಳಿಗ್ಗೆ ಆಸ್ಪತ್ರೆಯ ಕಾಗದಗಳಿಗಾಗಿ ಅನಿತಾ ಬೀರು ತೆಗೆದಳು. ಪುಸ್ತಕಗಳು ಜಾರಿ ಅವಳ ಕಾಲ ಮೇಲೆ ಬಿದ್ದವು. ಒಂದೊಂದನ್ನೇ ಎತ್ತಿ ಕಣ್ಣಿಗೊತ್ತಿಕೊಂಡು ಜೋಡಿಸತೊಡಗಿದವಳು ನಿಂತಳು.

"ಅಪ್ಪಾ, ಇಲ್ಲಿ ಬನ್ನಿ. ಒಂದ್ ಪುಟನೂ ಹರಿದಿಲ್ಲ ನೋಡಿ."

ನೋಡಿದೆ. ಬೈಂಡ್ ಬಿಟ್ಟು ಎಲ್ಲೂ ಗೀರಿಲ್ಲ. ಅದೂ ಮುಂದಿನ ಅರ್ಧ ಮಾತ್ರ ಕಿತ್ತಿದ್ದಳು, ಮುಖಪುಟ ಕಾಣುವಷ್ಟು.

"ಅಮ್ಮ ಏನೋ ಹುಡುಕ್ತಿದ್ಲು," ಎಂದಳು ಅನಿತಾ. "ಎಲ್ಲಾ ಒಂದೇ ಥರ ಕಾಣೋ ಹಾಗೆ ಮಾಡಿ ಇಟ್ಟಿದೀರಲ್ಲ. ನೀವು ನಂಬರ್ ಬರೆದ್ರಿ ಅಪ್ಪಾ. ಅಮ್ಮಂಗೆ ನಂಬರ್ ಓದೋಕ್ ಬರುತ್ತಾ ಈಗ?"

ಲೇಬಲಿನ ಮೇಲೆ ನನ್ನ ಅಕ್ಷರ ದುಂಡಗೆ, ಸ್ಪಷ್ಟವಾಗಿತ್ತು.

ಎಣಿಸಿದೆವು. ಹದಿನೆಂಟೇ ಇದ್ದವು. ಅನಿತಾ ಹೋಗಿ ಅಮ್ಮನ ದಿಂಬಿನ ಕೆಳಗೆ ಕೈ ಹಾಕಿದಳು. ಸರೋಜ ಗೋಡೆಯ ಕಡೆಯಿಂದ ಹೊರಳಿ ಮಗಳ ಕೈ ಹಿಡಿದುಕೊಂಡಳು, ಕಸಿದುಕೊಳ್ಳುತ್ತಾರೆ ಎನ್ನುವ ಹಾಗೆ. ಹಳದಿ ಬೆಕ್ಕಿನ ಪುಸ್ತಕ.

ನಾನು ಬೀರುವಿನ ಮೇಲಿನ ಹಾಳೆಯ ಮುಂದೆ ಹೋಗಿ ನಿಂತೆ. ಪುಸ್ತಕ ೯ರ ಸಾಲು ಹುಡುಕಿದೆ. ಹನ್ನೆರಡು ಇಂಟು. ಗಡಿಯಾರದಲ್ಲಿ ಏಳು ಗಂಟೆ, ಪಾಠದ ಹೊತ್ತು. ಸ್ಟೂಲು ಎಳೆದುಕೊಂಡು ಮಂಚದ ಪಕ್ಕ ಕೂತು, ಅವಳ ಕೈಯಿಂದ ಪುಸ್ತಕ ತೆಗೆದುಕೊಳ್ಳದೆ, ಅವಳೇ ಹಿಡಿದಿದ್ದಂತೆ ಓದಿದೆ.

"ಅಕ್ಕಿ ಡಬ್ಬದಲ್ಲಿ ಮಲಗಲಾ?"

ನಿಲ್ಲಿಸಿದೆ. ಒಂದು, ಎರಡು, ಮೂರು. ಆರಕ್ಕೆ ಬಂತು. ಎರಡು ದಿನ ಒಣಗಿದ್ದ ಗಂಟಲಿನಿಂದ, "ಬೇಡ."

ಪುಟ ತಿರುಗಿಸಿದೆ. ಅಂದು ನಾನು ಓದದೆ ದಾಟಿಸಿದ್ದ ಸಾಲು. ಅಲ್ಲಿ ಅಚ್ಚಾಗಿದ್ದದ್ದೂ ಅದೇ: ಬೇಡ, ಬೇಡ.

"ಅಜ್ಜನ ಟೋಪಿಯಲ್ಲಿ ಮಲಗಲಾ?"

"ಬೇಡ."

"ಒಗೆಯೋ ಬಟ್ಟೆಯ ಬುಟ್ಟಿಯಲ್ಲಿ ಮಲಗಲಾ?"

"ಬೇಡ!"

ಹತ್ತೊಂಬತ್ತು ಪುಸ್ತಕಗಳಲ್ಲಿ ಅವಳ ಉತ್ತರ ಸರಿಯಾಗಿದ್ದ ಪುಸ್ತಕ ಅದೊಂದೇ. ಮೊದಲ ದಿನವೂ ಸರಿಯಾಗಿತ್ತು. ನಾನು ಹನ್ನೆರಡು ಸಲ ತಪ್ಪು ಎಂದು ಬರೆದು, ಅವಳು ನಕ್ಕಿದ್ದನ್ನು ಟವೆಲಿನಿಂದ ಒರೆಸಿದ್ದೆ.

ಕೊನೆಯ ಪುಟದಲ್ಲಿ ಬೆಕ್ಕು ಒಬ್ಬ ಅಜ್ಜಿಯ ಮುಂದೆ ನಿಂತಿರುತ್ತದೆ. "ನಿನ್ನ ಮಡಿಲಲ್ಲಿ ಮಲಗಲಾ?" ಅಲ್ಲಿ ಬರೆದಿರುವ ಉತ್ತರ ಹೂಂ. ನಾನು ಓದಿ ಹತ್ತು ಎಣಿಸಿದೆ, ಮತ್ತೆ ಹತ್ತು. ಸರೋಜಳ ತುಟಿ ಅಲುಗಾಡಿತು. ಬೇಡ ಎನ್ನಲಿಲ್ಲ. ಬೇರೇನೂ ಬರಲಿಲ್ಲ. ಪುಸ್ತಕ ಮುಚ್ಚಿ ಮೊದಲ ಪುಟಕ್ಕೆ ತಂದು ನನ್ನ ಕಡೆ ತಳ್ಳಿದಳು. ಗಿರಿಜಮ್ಮ ಹೇಳಿದ್ದು ನಿಜ. ಅಂದು ಎಂಟೋ ಒಂಬತ್ತೋ ಸಲ ಓದಿಸಿದಳು. ನಡುವೆ ಅನಿತಾ ತಂದ ಗಂಜಿಯನ್ನು ನಾನೇ ಕುಡಿಸಿದೆ. ಡ್ರಾಯಿಂಗ್ ಹಾಳೆಯನ್ನು ಕಿತ್ತು ಮಡಿಸಿ ಒಲೆಗೆ ಹಾಕಿದೆ. ಬೈಂಡುಗಳನ್ನೆಲ್ಲ ಬಿಚ್ಚಿದೆ. ಬಾತುಕೋಳಿ, ಕಾಗೆ, ಆಟೋ ಎಲ್ಲವೂ ಮಂಚದ ಸುತ್ತ ಮುಖ ಮೇಲಾಗಿ ಬಿದ್ದಿರುತ್ತಿದ್ದವು. ಟೀಚರುಗಳು ಬಂದಾಗಲೂ.

ಹೀಗೆ ಎಲ್ಲ ಸರಿಹೋಯಿತೆಂದು ಯಾರೂ ತಿಳಿಯಬಾರದು. ವಾರಗಳು ನಿಲ್ಲಲಿಲ್ಲ. ನವರಾತ್ರಿ ಕಳೆಯಿತು, ದೀಪಾವಳಿ ಕಳೆಯಿತು. ಅನಿತಾಳನ್ನು ಕಂಡು ಒಂದು ದಿನ "ಅನಿ" ಎಂದಳು, ಆಮೇಲೆ ಒಂದು ತಿಂಗಳು ಅದು ಸುಳಿಯಲಿಲ್ಲ. "ನೀರು" ಬಂತು, ಹೋಯಿತು, ಬಂತು. ಆರು ತಿಂಗಳಿಗೆ ಹಿಡಿತಕ್ಕೆ ಸಿಕ್ಕಿದ್ದು ಬೆರಳೆಣಿಕೆಯಷ್ಟು ಪದ. ಈಗಲೂ ನಲವತ್ತಕ್ಕಿಂತ ಹೆಚ್ಚಿಲ್ಲ. ಕಾಫಿ ಎಂಬ ಪದ ಇವತ್ತಿಗೂ ಬಂದಿಲ್ಲ. ಕೇಳದೆಯೇ ಕೊಡುತ್ತೇನೆ. ಬೆಕ್ಕಿನ ಕೊನೆಯ ಪುಟದ ಮುಂದೆ ನಾವಿಬ್ಬರೂ ದಿನಾ ಬಾಯಿ ಮುಚ್ಚಿ ಕೂರುತ್ತಿದ್ದೆವು. ಆ ಬ್ಯಾಡಗಿ ಮೆಣಸಿನಕಾಯಿ ಬಣ್ಣದ ಸೀರೆಯ ಅಜ್ಜಿ, ಎದುರಿಗೆ ಬೆಕ್ಕು. ಮಡಿಲು ಖಾಲಿ.

ಇಪ್ಪತ್ತೈದನೆಯ ವಾರ ಅವಳನ್ನು ಗಿರಿಜಮ್ಮನ ಅಂಗಡಿಗೆ ಕರೆದುಕೊಂಡು ಹೋದೆ. ಆ ಹೆಂಗಸಿಗೆ ಅಷ್ಟು ತಿಂಗಳು ಸುಳ್ಳು ಹೇಳಿದ್ದನ್ನು ಒಪ್ಪಿಕೊಳ್ಳಬೇಕಿತ್ತು. ಆಟೋ ಸಂದಿಯೊಳಗೆ ಹೋಗುವುದಿಲ್ಲ. ಒಂದು ಕಡೆ ಕೋಲು, ಇನ್ನೊಂದು ಕಡೆ ಅನಿತಾ, ಹಿಂದೆ ನಾನು. ಗಾಡಿಗಳ, ಮೂಟೆಗಳ ನಡುವೆ ಇಪ್ಪತ್ತು ಅಂಗಡಿ ದಾಟಲು ಕಾಲು ಗಂಟೆ ಹಿಡಿಯಿತು.

"ಬನ್ನಿ ಸಾರ್," ಎಂದರು ಗಿರಿಜಮ್ಮ. "ಇವತ್ತಾದ್ರೂ ಪಾಪುನ ಕರ್ಕೊಂಡ್ ಬಂದ್ರಾ?"

"ಪಾಪು ಇಲ್ಲ ಗಿರಿಜಮ್ಮ. ಪುಸ್ತಕ ತಗೊಂಡ್ ಹೋಗ್ತಿದ್ದದ್ದು ಇವರಿಗೆ. ನನ್ನ ಹೆಂಡತಿ. ಸ್ಟ್ರೋಕ್ ಆಗಿ ಮಾತು ಹೋಯ್ತು. ಒಂದನೇ ಕ್ಲಾಸಿಗೆ ಟೀಚರಾಗಿದ್ರು."

ಗಿರಿಜಮ್ಮ ನನ್ನನ್ನು ನೋಡಿದರು, ಅವಳ ಮಡಿಸಿದ ಬಲಗೈಯನ್ನು ನೋಡಿದರು. ನನ್ನ ಮೇಲೆ ಕೋಪ ಬಂದಿರಬೇಕು. ಮಾತು ಮಾತ್ರ ಅವಳಿಗೆ ಹೇಳಿದರು. "ಬನ್ನಿ ಟೀಚರೇ, ಕೂತ್ಕೊಳ್ಳಿ. ಇವರಿಗೆ ಪುಸ್ತಕ ಆರಿಸೋಕ್ ಬರಲ್ಲ. ನಾನೂ ನೋಡ್ತಾನೇ ಇದೀನಿ, ಸಂತೆ ಹೊತ್ಕೊಂಡು ಹೋಗ್ತಾರೆ. ನೀವೇ ನೋಡಿ."

ಬೈಂಡ್ ಶೀಟಿನ ಕಟ್ಟುಗಳನ್ನು ಪಕ್ಕಕ್ಕೆ ಸರಿಸಿ, ಗಲ್ಲಾ ಮೇಜಿನ ಮೇಲೆ ಪುಸ್ತಕಗಳನ್ನು ಮುಖ ಮೇಲಾಗಿ ಹರಡಿದರು. ಸರೋಜ ಎಡಗೈಯಿಂದ ಒಂದನ್ನು ತೆಗೆದಳು. ಪುಟ ತಿರುವಿ, "ಬೇಡ." ಇನ್ನೊಂದು. ನಲವತ್ತು ಚಿತ್ರದ್ದು. "ಬೇಡ." ಮತ್ತೊಂದರ ಕಾಗದವನ್ನು ಬೆರಳಿನಿಂದ ಒತ್ತಿ ನೋಡಿ, "ಬೇಡ." ಬೇಗ ಬೇಗ ಹೇಳುತ್ತಿದ್ದಳು. ಅದು ರೋಗದ ಬೇಡವೋ ನಿಜದ ಬೇಡವೋ ನನಗೆ ತಿಳಿಯಲಿಲ್ಲ. ಮೂವತ್ತು ವರ್ಷ ಮಕ್ಕಳ ಪುಸ್ತಕಗಳನ್ನು ಅವಳು ನೋಡುತ್ತಿದ್ದದ್ದು ಹೀಗೇ ಇರಬೇಕು. ನಾನು ಯಾವತ್ತೂ ಪಕ್ಕದಲ್ಲಿ ನಿಂತು ನೋಡಿರಲಿಲ್ಲ.

ಕೊನೆಗೆ ಒಂದು ಪುಸ್ತಕ ಅವಳ ಕೈಯಲ್ಲಿ ಉಳಿಯಿತು. ಮುಖಪುಟದಲ್ಲಿ ಬಸ್ಸು, ಹತ್ತಲು ಕಾದಿರುವ ಮಕ್ಕಳು. ಎಲ್ಲರೂ ಕತ್ತೆತ್ತಿ ಬಸ್ಸಿನ ಬೋರ್ಡ್ ನೋಡುತ್ತಿದ್ದಾರೆ. ಅವಳು ಅದನ್ನು ಎದೆಗೆ ಒತ್ತಿಕೊಂಡಳು.

"ಇದಾ ಟೀಚರೇ?"

ಅನಿತಾ ಏನೋ ಹೇಳಹೊರಟಳು. ಕೈ ಎತ್ತಿ ತಡೆದೆ. ಹತ್ತು ಎಣಿಸಿದೆ. ಸಂದಿಯಲ್ಲಿ ಒಂದು ಕೈಗಾಡಿ ದಡದಡ ಹೋಯಿತು. ಇನ್ನೊಮ್ಮೆ ಹತ್ತು.

"ಹೂಂ," ಎಂದಳು ಸರೋಜ.

ಗಂಟಲು ಸರಿಮಾಡಿಕೊಂಡಷ್ಟು ಸಣ್ಣ ಸದ್ದು. ಅನಿತಾ ಕಪಾಟಿನ ಕಡೆ ತಿರುಗಿ ನಿಂತಳು. ಗಿರಿಜಮ್ಮ ಸೆರಗಿನಿಂದ ಮುಖ ಒರೆಸಿಕೊಂಡು, ಏನು ಮಾಡಬೇಕೆಂದು ತೋಚದೆ, ಕೈಯ ಅಭ್ಯಾಸದಂತೆ ಪಕ್ಕದ ಸುರುಳಿಯಿಂದ ಕಂದು ಹಾಳೆಯೊಂದನ್ನು ಎಳೆದರು.

"ಬೈಂಡ್ ಶೀಟ್ ಕೊಡ್ಲಾ ಸಾರ್?"

ನಾನು ಬಾಯಿ ತೆರೆಯುವ ಮುಂಚೆ ಸರೋಜ ಹೇಳಿದಳು, ನನ್ನ ಕಡೆ ತಿರುಗಿ, ಒಂದೇ ಸಲ, ಸ್ಪಷ್ಟವಾಗಿ:

"ಬೇಡ."